ಕೊನೆಗೆ ಸರಿಯಾಗಿದ್ದದ್ದು ಎಷ್ಟು ಗಂಟೆಗೆ? ಅಪ್ಪನ ಲಕ್ವದ ಆರೂವರೆ ತಿಂಗಳು

ಅಪ್ಪನಿಗೆ ಲಕ್ವ ಹೊಡೆದು ಆರೂವರೆ ತಿಂಗಳಾಯಿತು. ಮೊನ್ನೆ ಅಂಗವೈಕಲ್ಯ ತಪಾಸಣೆಯೂ ಮುಗಿದು ಕಾಗದಪತ್ರದ ಓಡಾಟ ಒಂದು ಹಂತಕ್ಕೆ ಬಂತು. ಸಕಲೇಶಪುರದಿಂದ ಹದಿನಾಲ್ಕು ಕಿಲೋಮೀಟರ್ ಒಳಗಿನ ಊರಿಂದ ಹಾಸನದ ಆಸ್ಪತ್ರೆಗೆ, ಅಲ್ಲಿಂದ ಮನೆಗೆ, ಮನೆಯಿಂದ ಬ್ಯಾಂಕು, ಜಿಲ್ಲಾಸ್ಪತ್ರೆಗೆ ಅಲೆದದ್ದರಲ್ಲಿ ಹೊತ್ತು ಎಲ್ಲಿ ಹೋಯಿತು, ದುಡ್ಡು ಎಲ್ಲಿ ಹೋಯಿತು, ಎಲ್ಲೆಲ್ಲಿ ಎಡವಿದೆವು ಎಂಬುದನ್ನು ಬರೆದಿಡುತ್ತಿದ್ದೇನೆ. ಇದೇ ದಾರಿಯಲ್ಲಿ ಹೋಗಬೇಕಾದವರಿಗೆ ನಾಲ್ಕು ಕಡೆ ನಿಂತು ಕೇಳುವುದು ತಪ್ಪಲಿ.

ಜನವರಿ, ಕಾಫಿ ಕೊಯ್ಲಿನ ದಿನಗಳು. ಬೆಳಿಗ್ಗೆ 6.40ಕ್ಕೆ ಅಮ್ಮ ಜಗಲಿಗೆ ಬಂದಾಗ ಅಪ್ಪನ ಬಲಗೈಯಿಂದ ಕಾಫಿ ಲೋಟ ಜಾರಿ ಬಿದ್ದಿತ್ತು. ಬಾಯಿ ಎಡಕ್ಕೆ ಎಳೆದಿತ್ತು. ಏನು ಕೇಳಿದರೂ 'ಅದೂ... ಅದೂ...' ಅಷ್ಟೇ. ಅಕ್ಕಪಕ್ಕದವರು ಸೇರಿದರು. 'ಗ್ಯಾಸ್ ಇರ್ಬೇಕು, ಓಮಿನ ನೀರು ಕುಡ್ಸಿ' ಅಂದರೊಬ್ಬರು. 'ಪಿತ್ತ ನೆತ್ತಿಗೇರಿದೆ, ಸ್ವಲ್ಪ ಮಲಗ್ಲಿ, ಸರಿಹೋಗ್ತದೆ' ಅಂದರು ಇನ್ನೊಬ್ಬರು. ಈ ಮಾತುಕತೆಯಲ್ಲೇ ಅರ್ಧ ಗಂಟೆ ಕಳೆಯಿತು. ಈಗ ಲೆಕ್ಕ ಹಾಕಿದರೆ, ಇಡೀ ದಿನದಲ್ಲಿ ವ್ಯರ್ಥವಾಗಿ ಕಳೆದುಕೊಂಡ ಹೊತ್ತಿನಲ್ಲಿ ಎಲ್ಲಕ್ಕಿಂತ ದೊಡ್ಡದು ಅದೇ. ದೊಡ್ಡ ರಕ್ತನಾಳ ಕಟ್ಟಿಕೊಂಡಾಗ ಮಿದುಳಿನಲ್ಲಿ ನಿಮಿಷಕ್ಕೆ ಸುಮಾರು 19 ಲಕ್ಷ ನರಕೋಶ ಸಾಯುತ್ತವೆ ಎಂದು ವೈದ್ಯರು ಆಮೇಲೆ ಹೇಳಿದರು. ಜಗಲಿಯಲ್ಲಿ ನಿಂತವರಿಗೆ ಅದು ಹೇಗೆ ಗೊತ್ತಾಗಬೇಕು?

ನೋಡಬೇಕಾದ್ದು ಮೂರೇ. ಹಲ್ಲು ಕಿರಿಯಲು ಹೇಳಿ, ಬಾಯಿ ಒಂದು ಕಡೆ ಸೊಟ್ಟ ಆಗುತ್ತದಾ ನೋಡಿ. ಎರಡೂ ಕೈ ಮುಂದೆ ಚಾಚಿ ಹಿಡಿಯಲು ಹೇಳಿ, ಒಂದು ತಾನಾಗಿ ಕೆಳಗಿಳಿಯುತ್ತದಾ ನೋಡಿ. ಒಂದು ವಾಕ್ಯ ಹೇಳಿಸಿ, ಮಾತು ತೊದಲುತ್ತದಾ ಅಥವಾ ಅರ್ಥವಿಲ್ಲದ ಮಾತು ಬರುತ್ತದಾ ಕೇಳಿ. ಮೂರರಲ್ಲಿ ಒಂದಿದ್ದರೂ ಹೊರಡಿ. ಇದ್ದಕ್ಕಿದ್ದಂತೆ ಒಂದು ಬದಿಯ ನೋಟ ಹೋಗುವುದು, ನಿಲ್ಲಲಾಗದಂತೆ ತೂರಾಡುವುದು, ಹಿಂದೆಂದೂ ಬಾರದಂಥ ತಲೆನೋವು ಸಿಡಿಲಿನಂತೆ ಬಡಿಯುವುದು, ಇವೂ ಅದೇ ಗುಂಪಿನವು. ಹೊರಡುವ ಮುಂಚೆ ಬಾಯಿಗೆ ಏನನ್ನೂ ಹಾಕಬೇಡಿ. ನೀರು, ಕಾಫಿ, ಬಿಪಿ ಮಾತ್ರೆ, ಆಸ್ಪಿರಿನ್ ಯಾವುದೂ ಬೇಡ. ನುಂಗುವ ಶಕ್ತಿ ಹೋಗಿದ್ದರೆ ಕುಡಿಸಿದ್ದು ಶ್ವಾಸಕೋಶಕ್ಕೆ ಇಳಿಯುತ್ತದೆ. ಆಸ್ಪಿರಿನ್ ಏಕೆ ಬೇಡ ಎಂಬುದು ವಾರ್ಡಿನ ವಿಷಯ ಬಂದಾಗ ಹೇಳುತ್ತೇನೆ.

108ಕ್ಕೆ ಕರೆ ಮಾಡಿದರೆ ದಾರಿಯಲ್ಲೇ ಆಮ್ಲಜನಕ, ಬಿಪಿ ನೋಡುವವರು ಸಿಗುತ್ತಾರೆ. ನಮ್ಮ ಮನೆ ಮುಖ್ಯರಸ್ತೆಯಿಂದ ಬಹಳ ಒಳಗೆ, ಅಂಗಳದಲ್ಲೇ ಜೀಪು ಇತ್ತು. ಹಿಂದಿನ ಸೀಟಿನಲ್ಲಿ ಒಂದು ಮಗ್ಗುಲಾಗಿ ಮಲಗಿಸಿಕೊಂಡು 7.10ಕ್ಕೆ ಹೊರಟೆವು. ಹೊರಡುವಾಗ ನನ್ನ ತಮ್ಮನ ಹೆಂಡತಿ ಕೈಗೆ ಸಿಕ್ಕಿದ ಪುಸ್ತಕ ತೆಗೆದುಕೊಂಡಳು. ಅದು ಕೊಯ್ಲಿನ ಆಳುಗಳ ಹಾಜರಿ ಪುಸ್ತಕ. ಅದರ ಹಿಂದಿನ ಹಾಳೆಯಲ್ಲಿ ಪ್ರತಿಯೊಂದಕ್ಕೂ ಗಂಟೆ ಬರೆಯುತ್ತಾ ಬಂದಳು. ಆ ದಿನ ನಾವು ಮಾಡಿದ ಬುದ್ಧಿವಂತಿಕೆಯ ಕೆಲಸ ಏನಾದರೂ ಇದ್ದರೆ ಅದೇ.

ಪಟ್ಟಣದಲ್ಲಿ ಮೊದಲು ಸಿಕ್ಕಿದ ಕ್ಲಿನಿಕ್ಕಿನಲ್ಲಿ ನಿಲ್ಲಿಸಿದ್ದು ತಪ್ಪು. ಬಿಪಿ 210/110 ಎಂದು ನೋಡಿ ನಾಲಿಗೆ ಕೆಳಗೆ ಮಾತ್ರೆ ಇಡಲು ಹೊರಟರು. ಅದೃಷ್ಟಕ್ಕೆ ಅಷ್ಟರಲ್ಲಿ ಪರಿಚಯದ ಸಿಸ್ಟರ್ ಒಬ್ಬರು ತಡೆದರು. ಲಕ್ವದ ಮೊದಲ ಗಂಟೆಗಳಲ್ಲಿ ಬಿಪಿ ಏರುವುದು ಮಿದುಳು ತನಗೆ ರಕ್ತ ಎಳೆದುಕೊಳ್ಳುವ ಪ್ರಯತ್ನವೂ ಹೌದಂತೆ. ಅದನ್ನು ದಢಕ್ಕನೆ ಇಳಿಸಿದರೆ ಅರೆಜೀವವಾಗಿರುವ ಭಾಗವೂ ಸಾಯುತ್ತದೆ. ರಕ್ತದ ಗಂಟು ಕರಗಿಸುವ ಇಂಜೆಕ್ಷನ್ ಕೊಡುವುದಿಲ್ಲವೆಂದಾದರೆ ರಕ್ತನಾಳ ಕಟ್ಟಿದವರಲ್ಲಿ 220/120ರವರೆಗೂ ಸಾಮಾನ್ಯವಾಗಿ ಮುಟ್ಟುವುದಿಲ್ಲ. ಸಿಟಿ ಸ್ಕ್ಯಾನ್ ಇಲ್ಲದ ಕಡೆ ಲಕ್ವಕ್ಕೆ ಮಾಡುವಂಥದ್ದು ಹೆಚ್ಚೇನೂ ಇಲ್ಲ. ಸಕ್ಕರೆ ಮಾತ್ರ ನೋಡಬೇಕು. ಸಕ್ಕರೆ ತೀರಾ ಇಳಿದರೂ ಥೇಟು ಲಕ್ವದಂತೆಯೇ ಕಾಣುತ್ತದೆ, ಗ್ಲೂಕೋಸ್ ಕೊಟ್ಟರೆ ಎದ್ದು ಕೂರುತ್ತಾರೆ. ನಾವು ಅಲ್ಲಿ ಹದಿನೈದು ನಿಮಿಷ ಕಳೆದು 7.50ಕ್ಕೆ ಹಾಸನದ ದಾರಿ ಹಿಡಿದೆವು.

ಜೀಪಿನಿಂದಲೇ ಹಾಸನದ ಎರಡು ಆಸ್ಪತ್ರೆಗೆ ಫೋನ್ ಮಾಡಿದೆವು. ಕೇಳಬೇಕಾದ ಪ್ರಶ್ನೆ ಮೂರು: ಸಿಟಿ ಯಂತ್ರ ಈಗ ಓಡುತ್ತಿದೆಯಾ, ರಕ್ತದ ಗಂಟು ಕರಗಿಸುವ ಇಂಜೆಕ್ಷನ್ ದಾಸ್ತಾನಿದೆಯಾ, ಅದನ್ನು ಕೊಡುವ ವೈದ್ಯರು ಈಗ ಬರುತ್ತಾರಾ. 'ಕರ್ಕೊಂಡ್ ಬನ್ನಿ, ನೋಡಣ' ಎಂಬ ಉತ್ತರ ಬಂದರೆ ಅದನ್ನು ಇಲ್ಲ ಎಂದೇ ಓದಿಕೊಳ್ಳಿ. ಎರಡನೇ ಆಸ್ಪತ್ರೆಯವರು ಮೂರಕ್ಕೂ ಹೂಂ ಅಂದರು. ತಿರುಗಿ ಒಂದು ಪ್ರಶ್ನೆಯನ್ನೂ ಕೇಳಿದರು: 'ಕೊನೆಗೆ ಸರಿಯಾಗಿ ಇದ್ದದ್ದು ಎಷ್ಟು ಗಂಟೆಗೆ?'

ನಾವು 6.40 ಅಂದೆವು. ಆದರೆ ಅದು ನಾವು ನೋಡಿದ ಹೊತ್ತು, ಆದ ಹೊತ್ತಲ್ಲ. ಗಡಿಯಾರ ಶುರುವಾಗುವುದು ರೋಗಿ ಕೊನೆಯದಾಗಿ ಸರಿಯಿದ್ದಾಗಿನಿಂದ. ರಾತ್ರಿ ಹತ್ತಕ್ಕೆ ಮಲಗಿದವರು ಬೆಳಿಗ್ಗೆ ಐದಕ್ಕೆ ಕೈ ಬೀಳಿಸಿಕೊಂಡು ಎದ್ದರೆ ಲೆಕ್ಕ ಹಿಡಿಯುವುದು ರಾತ್ರಿ ಹತ್ತರಿಂದ. ಅಂಥವರಿಗೆ ಇಂಜೆಕ್ಷನ್ ಕೊಡಬಹುದೇ ಎಂದು ತಿಳಿಯಲು ಎಂಆರ್‌ಐ ಅಥವಾ ವಿಶೇಷ ಸ್ಕ್ಯಾನ್ ಬೇಕಾಗುತ್ತದೆ. ಅಪ್ಪನ ಮೊಬೈಲ್ ತೆಗೆದು ನೋಡಿದರೆ 6.22ಕ್ಕೆ ಮೇಸ್ತ್ರಿಗೆ ಮಾಡಿದ ಕರೆ ಇತ್ತು, ಒಂದೂವರೆ ನಿಮಿಷ. ಮೇಸ್ತ್ರಿಗೆ ಫೋನ್ ಹಚ್ಚಿದೆವು. 'ಚೆನ್ನಾಗೇ ಮಾತಾಡಿದ್ರಲ್ಲಣ್ಣ, ಏಣಿ ತರಕ್ ಹೇಳಿದ್ರು' ಅಂದ. ಹಾಜರಿ ಪುಸ್ತಕದಲ್ಲಿ 6.22 ಎಂದು ಬಿತ್ತು. ಆಮೇಲೆ ಕ್ಯಾಷುಯಾಲಿಟಿ, ಸ್ಕ್ಯಾನ್ ಕೋಣೆ, ಐಸಿಯು, ಎಲ್ಲಿ ಹೋದರೂ ಅದನ್ನೇ ಕೇಳಿದರು, ಅದನ್ನೇ ತೋರಿಸಿದೆವು. ಕರಗಿಸುವ ಇಂಜೆಕ್ಷನ್ ಮಾಮೂಲಾಗಿ ನಾಲ್ಕೂವರೆ ಗಂಟೆಯೊಳಗೆ ಆಗಬೇಕು. ಎಷ್ಟು ಬೇಗವೋ ಅಷ್ಟು ಲಾಭ.

8.35ಕ್ಕೆ ಆಸ್ಪತ್ರೆ. ಸಕ್ಕರೆ 186. ಎಂಟು ಐವತ್ತರ ಸುಮಾರಿಗೆ ಸಿಟಿ. ಸ್ಕ್ಯಾನಿನಲ್ಲಿ ಏನೂ ಕಾಣಲಿಲ್ಲ ಎಂದರು, ಚಿಕ್ಕಪ್ಪ 'ಹಂಗಾದ್ರೆ ಏನೂ ಆಗಿಲ್ಲ ಅಂತಾನಾ?' ಎಂದು ಖುಷಿಯಾದರು. ಹಾಗಲ್ಲ. ರಕ್ತನಾಳ ಕಟ್ಟಿದ್ದರೆ ಮೊದಲ ಕೆಲವು ಗಂಟೆ ಸಾದಾ ಸಿಟಿಯಲ್ಲಿ ಎಷ್ಟೋ ಸಲ ಏನೂ ಕಾಣುವುದಿಲ್ಲ. ಒಡೆದು ರಕ್ತ ಸುರಿದಿದ್ದರೆ ಮಾತ್ರ ಆ ಕ್ಷಣದಿಂದಲೇ ಬೆಳ್ಳಗೆ ಕಾಣುತ್ತದೆ. ಆ ಹೊತ್ತಿನಲ್ಲಿ ಸಿಟಿ ಮಾಡಿಸುವುದು ಮುಖ್ಯವಾಗಿ ರಕ್ತ ಸುರಿದಿಲ್ಲ ಎಂದು ಖಾತ್ರಿ ಮಾಡಿಕೊಳ್ಳಲು.

ಅಲ್ಲಿಂದ ಮೂರು ಅಡ್ಡಿ ಒಟ್ಟಿಗೆ ಎದುರಾದವು.

ಮೊದಲನೆಯದು ತೂಕ. ಆಲ್ಟೆಪ್ಲೇಸ್ ಎಂಬ ಆ ಔಷಧದ ಲೆಕ್ಕ ಕಿಲೋಗೆ 0.9 ಮಿಲಿಗ್ರಾಂ, ಒಟ್ಟು 90 ಮಿಲಿಗ್ರಾಂ ಮೀರುವಂತಿಲ್ಲ. ಹೆಚ್ಚಾದರೆ ರಕ್ತಸ್ರಾವದ ಅಪಾಯ, ಕಡಿಮೆಯಾದರೆ ಗಂಟು ಕರಗದು. ಎದ್ದು ನಿಲ್ಲಲಾಗದವರನ್ನು ತೂಗುವುದು ಹೇಗೆ? ಅಮ್ಮನಿಗೆ ನೆನಪಾಯಿತು: ಹಿಂದಿನ ತಿಂಗಳು ಕಾಫಿ ಚೀಲ ತೂಗುವ ಯಂತ್ರದ ಮೇಲೆ ಅಪ್ಪ ತಮಾಷೆಗೆ ಹತ್ತಿ ನಿಂತಿದ್ದರು, 62 ಬಂದಿತ್ತು. ಚೀಲಕ್ಕೆ ಹಿಡಿದಂತೆ ಒಂದು ಕಿಲೋ ಕಡಿತ ಹಿಡೀರಿ ಎಂದು ಆಳುಗಳು ನಕ್ಕಿದ್ದರಂತೆ. 62ಕ್ಕೆ ಸುಮಾರು 56 ಮಿಲಿಗ್ರಾಂ. ಅದರಲ್ಲಿ ಹತ್ತನೇ ಒಂದು ಭಾಗ ಒಂದೇ ನಿಮಿಷದಲ್ಲಿ, ಉಳಿದದ್ದು ಪಂಪಿನಲ್ಲಿ ಒಂದು ಗಂಟೆ. ಮನೆಯಲ್ಲಿ ಬಿಪಿ, ಶುಗರ್ ಇದ್ದವರ ತೂಕವನ್ನು ಆರು ತಿಂಗಳಿಗೊಮ್ಮೆ ಎಲ್ಲಾದರೂ ಬರೆದಿಟ್ಟಿರಿ.

ಎರಡನೆಯದು ದುಡ್ಡು. 50ರ ಒಂದು ಬಾಟಲಿ, 20ರ ಒಂದು ಬಾಟಲಿ, ಎರಡೂ ಸೇರಿ ನಮಗೆ ಅರವತ್ತು ಸಾವಿರ ದಾಟಿತು. ಮೊಬೈಲಿನಲ್ಲಿ ಕಳಿಸಲು ಹೋದರೆ ತಮ್ಮನ ಖಾತೆಯ ದಿನದ ಮಿತಿ ಹಿಂದಿನ ಸಂಜೆಯ ಕೂಲಿ ಬಟವಾಡೆಯಲ್ಲೇ ಮುಗಿದಿತ್ತು. ಇಬ್ಬರ ಫೋನಿಂದ ಹಂಚಿ ಕಟ್ಟಿದೆವು. ಟೆನೆಕ್ಟೆಪ್ಲೇಸ್ ಎಂಬ ಇನ್ನೊಂದು ಔಷಧವೂ ಬಳಕೆಯಲ್ಲಿದೆ, ಅದನ್ನು ಒಂದೇ ಸಲಕ್ಕೆ ಚುಚ್ಚಿ ಮುಗಿಸುತ್ತಾರೆ, ಪಂಪು ಬೇಡ. ಯಾವುದು ಎಂಬುದನ್ನು ವೈದ್ಯರಿಗೇ ಬಿಡಿ.

ಮೂರನೆಯದು ಒಪ್ಪಿಗೆ ಸಹಿ. ಇಂಜೆಕ್ಷನ್ ಕೊಟ್ಟ ನೂರು ಜನರಲ್ಲಿ ಸುಮಾರು ಆರು ಮಂದಿಗೆ ಮಿದುಳಿನಲ್ಲಿ ತೊಂದರೆ ಕೊಡುವಷ್ಟು ರಕ್ತಸ್ರಾವ ಆಗಬಹುದು ಎಂದು ವೈದ್ಯರು ಬಿಡಿಸಿ ಹೇಳಿದರು. ಆ ಆರನ್ನು ಕೇಳಿದ ಮೇಲೆ ಉಳಿದ ತೊಂಬತ್ತನಾಲ್ಕು ಯಾರ ಕಿವಿಗೂ ಬೀಳಲಿಲ್ಲ. ಚಿಕ್ಕಪ್ಪ ಬೆಂಗಳೂರಿನ ಭಾವನಿಗೆ, ಭಾವ ಇನ್ಯಾರಿಗೋ ಫೋನ್ ಹಚ್ಚಿದರು. ಏಳು ನಿಮಿಷವಾದ ಮೇಲೆ ಅಮ್ಮ 'ಎಲ್ಲಿ ಹಾಕ್ಬೇಕು ಹೇಳಪ್ಪ' ಎಂದು ಪೆನ್ನು ತೆಗೆದುಕೊಂಡರು. ಸಹಿ ಹಾಕುವವರು ಯಾರು ಎಂದು ದಾರಿಯಲ್ಲೇ ತೀರ್ಮಾನಿಸಿಕೊಂಡು ಬನ್ನಿ. ಇತ್ತೀಚೆಗೆ ಆಪರೇಷನ್, ಹೊಟ್ಟೆಯಲ್ಲಿ ರಕ್ತಸ್ರಾವ, ತಲೆಗೆ ಪೆಟ್ಟು ಆಗಿದ್ದರೆ, ರಕ್ತ ತೆಳು ಮಾಡುವ ಮಾತ್ರೆ ನುಂಗುತ್ತಿದ್ದರೆ ಮುಚ್ಚಿಡದೆ ಹೇಳಿ, ಅವರು ಅದನ್ನೇ ಹುಡುಕುತ್ತಿರುತ್ತಾರೆ. ಬಿಪಿ 196/112 ಇತ್ತು. 185/110ಕ್ಕಿಂತ ಕೆಳಗೆ ಬಾರದೆ ಔಷಧ ಹಾಕುವಂತಿಲ್ಲ. ನರಕ್ಕೆ ಚುಚ್ಚುಮದ್ದು ಕೊಟ್ಟು ನಿಧಾನಕ್ಕೆ ಇಳಿಸಿ, 9.25ಕ್ಕೆ ಶುರು ಮಾಡಿದರು. 6.22ರಿಂದ ಮೂರು ಗಂಟೆ ಮೂರು ನಿಮಿಷ.

ಅದಾದ ಮೇಲೆ ಕತ್ತಿನ ಮತ್ತು ಮಿದುಳಿನ ನಾಳಗಳಿಗೆ ಬಣ್ಣ ಹಾಕಿ ಇನ್ನೊಂದು ಸ್ಕ್ಯಾನ್. ದೊಡ್ಡ ನಾಳವೇ ಮುಚ್ಚಿದ್ದರೆ ತೊಡೆಯ ಅಥವಾ ಮಣಿಕಟ್ಟಿನ ನಾಳದಿಂದ ಸಣ್ಣ ಕೊಳವೆ ಕಳಿಸಿ ಗಂಟನ್ನು ಎಳೆದು ತೆಗೆಯುವ ಚಿಕಿತ್ಸೆ ಇದೆ. ಆರು ಗಂಟೆಯೊಳಗೆ, ಆಯ್ದ ಕೆಲವರಲ್ಲಿ 24 ಗಂಟೆಯವರೆಗೂ ಮಾಡುತ್ತಾರೆ. ಅದಕ್ಕೆ ಬೇಕಾದ ಕ್ಯಾಥ್‌ಲ್ಯಾಬ್, ನುರಿತವರು ಎಲ್ಲ ಊರಲ್ಲೂ ಸಿಗುವುದಿಲ್ಲ. ಹಾಸನದಿಂದ ಬೆಂಗಳೂರು 185 ಕಿಲೋಮೀಟರ್, ಮೈಸೂರು ಹತ್ತಿರ ಹತ್ತಿರ 120. ಮಂಗಳೂರಿಗೆ ಶಿರಾಡಿ ಘಾಟಿ ಇಳಿಯಬೇಕು, ಮಳೆಗಾಲದಲ್ಲಿ ಅದನ್ನು ನಂಬುವಂತಿಲ್ಲ. ಚಿಕ್ಕಮಗಳೂರು, ಮೂಡಿಗೆರೆ ಕಡೆಯವರು ಈ ಲೆಕ್ಕವನ್ನು ಮೊದಲೇ ಮಾಡಿಟ್ಟುಕೊಳ್ಳಬೇಕು. ಅಪ್ಪನದು ಸಣ್ಣ ಕವಲು, ಕಳಿಸುವ ಅಗತ್ಯ ಬರಲಿಲ್ಲ.

ಮೊದಲ 24 ಗಂಟೆ ಹೊರಗೆ ಕಾಯುವವರಿಗೇ ಕಷ್ಟ. ಎರಡು ಗಂಟೆ ಕಾಲ ಹದಿನೈದು ನಿಮಿಷಕ್ಕೊಮ್ಮೆ, ಆಮೇಲೆ ಆರು ಗಂಟೆ ಅರ್ಧ ಗಂಟೆಗೊಮ್ಮೆ, ಅನಂತರ ಗಂಟೆಗೊಮ್ಮೆ ಬಿಪಿ ನೋಡುತ್ತಾರೆ. ತಲೆನೋವು, ವಾಂತಿ, ಮಂಪರು ಹೆಚ್ಚಾದರೆ ತಕ್ಷಣ ಸ್ಕ್ಯಾನಿಗೆ ಒಯ್ಯುತ್ತಾರೆ. ಮರುದಿನ ಬೆಳಿಗ್ಗೆ ಸ್ಕ್ಯಾನ್ ಆಗಿ ರಕ್ತ ಇಲ್ಲವೆಂದು ಗೊತ್ತಾಗುವವರೆಗೆ ಆಸ್ಪಿರಿನ್ ಕೂಡ ಕೊಡುವುದಿಲ್ಲ. 'ಬರೀ ಗ್ಲೂಕೋಸ್ ಹಾಕಿ ಮಲಗ್ಸಿದಾರೆ, ಏನೂ ಟ್ರೀಟ್‌ಮೆಂಟ್ ಕೊಡ್ತಿಲ್ಲ' ಎಂದು ಜಗಳಕ್ಕೆ ಹೋಗಬೇಡಿ. ಆ ಹೊತ್ತಿನಲ್ಲಿ ಏನನ್ನೂ ಕೊಡದೆ ಕಾಯುವುದೂ ಚಿಕಿತ್ಸೆಯೇ. ಆ ದಿನ ಸಂಜೆ ಆರಕ್ಕೆ ಅಪ್ಪನ ಬಲಗಾಲಿನ ಹೆಬ್ಬೆರಳು ಅಲುಗಿತು. ಕೈ ಅಲುಗಲಿಲ್ಲ.

ವಾರ್ಡಿಗೆ ಬಂದ ಮೇಲೆ ಗೊತ್ತಾದದ್ದು, ನಾವು ಲಕ್ವ ಎಂದು ಒಂದೇ ಹೆಸರಲ್ಲಿ ಕರೆಯುವುದು ಒಂದೇ ರೋಗವಲ್ಲ. ಎಡಗಡೆ ಹಾಸಿಗೆಯವರಿಗೆ ಮಿದುಳಿನ ಆಳದ ಸಣ್ಣ ನಾಳ ಒಡೆದು ರಕ್ತ ಸುರಿದಿತ್ತು. ವರ್ಷಗಟ್ಟಲೆ ಬಿಪಿಗೆ ಮಾತ್ರೆ ಇಲ್ಲ. ಹೊರಗಿಂದ ನೋಡಿದರೆ ಅಪ್ಪನ ಹಾಗೆಯೇ, ಜೊತೆಗೆ ತಲೆನೋವು, ವಾಂತಿ. ಆದರೆ ಅವರಿಗೆ ಬಿಪಿಯನ್ನು ಬೇಗ ಇಳಿಸಬೇಕು, ರಕ್ತ ತೆಳುವಾಗಿಸುವ ಯಾವುದನ್ನೂ ಮುಟ್ಟಿಸಬಾರದು. ಅವರ ಮನೆಯವರು ದಾರಿಯಲ್ಲೇ ಆಸ್ಪಿರಿನ್ ನುಂಗಿಸಿದ್ದರು. ಮನೆಯಲ್ಲಿ ಆಸ್ಪಿರಿನ್ ಬೇಡ ಎಂದದ್ದು ಇದಕ್ಕೇ: ನಾಳ ಕಟ್ಟಿದೆಯೋ ಒಡೆದಿದೆಯೋ ಎಂದು ಸ್ಕ್ಯಾನ್ ಬಿಟ್ಟು ಯಾರೂ ಹೇಳಲಾರರು. ನೂರರಲ್ಲಿ ಸುಮಾರು 80-85 ಕಟ್ಟುವುದು, ಉಳಿದವು ಒಡೆಯುವುದು.

ಇನ್ನೊಂದು ಹಾಸಿಗೆಯಲ್ಲಿ ಹೆರಿಗೆಯಾಗಿ ಇಪ್ಪತ್ತು ದಿನದ ಬಾಣಂತಿ. ಮೂರು ದಿನ ತಲೆನೋವು, ನಾಲ್ಕನೇ ದಿನ ಫಿಟ್ಸ್. ಮನೆಯಲ್ಲಿ ದೆವ್ವದ ಮಾತೂ ಬಂದಿತ್ತಂತೆ. ಅವಳದು ಮಿದುಳಿನಿಂದ ರಕ್ತ ಹೊರಗೆ ಒಯ್ಯುವ ಅಭಿಧಮನಿಯಲ್ಲಿ ಹೆಪ್ಪುಗಟ್ಟಿದ್ದು. ಹೆರಿಗೆಯ ನಂತರದ ವಾರಗಳಲ್ಲಿ ರಕ್ತ ತಾನಾಗಿಯೇ ಗಟ್ಟಿಕಟ್ಟುವ ಗುಣ ಹೆಚ್ಚಿಸಿಕೊಂಡಿರುತ್ತದೆ. ಅದರ ಮೇಲೆ ನಮ್ಮ ಕಡೆ ಬಾಣಂತಿಗೆ ನೀರು ಕೊಡದೆ ಒಣಗಿಸುವ ರೂಢಿ. ಶೀತ ಆಗುತ್ತದೆಂದು ದಿನಕ್ಕೆ ಎರಡು ಲೋಟ ನೀರಿನಲ್ಲಿ ಇಡುವ ಅಜ್ಜಿಯರಿಗೆ ಯಾರಾದರೂ ಇದನ್ನು ಹೇಳಬೇಕು. ಹೆಪ್ಪುಗಟ್ಟುವುದನ್ನು ತಡೆಯುವ ಹೆಪಾರಿನ್ ಕೊಟ್ಟ ಮೇಲೆ ಅವಳು ನಮಗಿಂತ ಮೊದಲೇ ನಡೆದುಕೊಂಡು ಮನೆಗೆ ಹೋದಳು.

ಅಪ್ಪನಿಗೆ ಯಾಕೆ ಬಂತು ಎಂಬುದು ಮೂರು ದಿನ ಗೊತ್ತಾಗಲಿಲ್ಲ. ಬಿಪಿ ಇದ್ದದ್ದು ನಿಜ, 'ಈಗ ನಾರ್ಮಲ್ ಬಂದಿದೆ' ಎಂದು ನಾಲ್ಕು ತಿಂಗಳ ಹಿಂದೆ ಮಾತ್ರೆ ಬಿಟ್ಟಿದ್ದೂ ನಿಜ. ನಾರ್ಮಲ್ ಬಂದದ್ದು ಮಾತ್ರೆಯಿಂದಲೇ ಎಂಬುದು ಅವರಿಗೆ ಹೊಳೆದಿರಲಿಲ್ಲ. ಎರಡು ವಾರದ ಹಿಂದೆ ಒಂದು ಸಂಜೆ ಹತ್ತು ನಿಮಿಷ ಬಲಗೈ ಜೋಮು ಹಿಡಿದು ತಾನೇ ಸರಿಹೋಗಿತ್ತು ಎಂದು ಅಮ್ಮ ಆಗ ಬಾಯಿಬಿಟ್ಟರು. ಅದೇ ಮುನ್ಸೂಚನೆ. ಹಾಗೆ ಬಂದು ಹೋದದ್ದೂ ತುರ್ತೇ. ದೊಡ್ಡದು ಬರುವ ಅಪಾಯ ಮೊದಲ ಎರಡು ದಿನದಲ್ಲಿ ಎಲ್ಲಕ್ಕಿಂತ ಹೆಚ್ಚು. ಕತ್ತಿನ ರಕ್ತನಾಳದ ಡಾಪ್ಲರ್ ಸ್ಕ್ಯಾನ್ ಚೆನ್ನಾಗಿತ್ತು, ಹೃದಯದ ಎಕೋ ಸ್ಕ್ಯಾನ್ ಚೆನ್ನಾಗಿತ್ತು, ಮೊದಲ ದಿನದ ಇಸಿಜಿಯೂ ಚೆನ್ನಾಗಿತ್ತು. ಮೂರನೇ ದಿನ ಹೃದಯದ ಬಡಿತವನ್ನು ಬಿಡದೆ ದಾಖಲಿಸುವ ಹೋಲ್ಟರ್ ಎಂಬ ಯಂತ್ರವನ್ನು 24 ಗಂಟೆ ಎದೆಗೆ ಕಟ್ಟಿದಾಗ ನಡುರಾತ್ರಿ ಎರಡು ತಾಸು ಹೃದಯ ಅಡ್ಡಾದಿಡ್ಡಿ ಬಡಿದದ್ದು ಸಿಕ್ಕಿಬಿತ್ತು. ಏಟ್ರಿಯಲ್ ಫಿಬ್ರಿಲೇಷನ್. ಹೃದಯದ ಮೇಲಿನ ಕೋಣೆ ಸರಿಯಾಗಿ ಹಿಂಡದೆ ನಡುಗುತ್ತಿದ್ದರೆ ಅಲ್ಲಿ ರಕ್ತ ನಿಂತು ಗಂಟಾಗುತ್ತದೆ, ಗಂಟು ಕಿತ್ತುಕೊಂಡು ಮಿದುಳಿಗೆ ಹೋಗಿ ಸಿಕ್ಕಿಕೊಳ್ಳುತ್ತದೆ. ಇದು ಬಂದು ಹೋಗುವ ಕಾಯಿಲೆ, ಒಂದು ನಿಮಿಷದ ಇಸಿಜಿಗೆ ಸಿಗದಿದ್ದರೆ ಇಲ್ಲವೆಂದಲ್ಲ. ಕಾರಣ ತಿಳಿಯದೆ ಮನೆಗೆ ಕಳಿಸುತ್ತಿದ್ದರೆ ಹೋಲ್ಟರ್ ಆಯಿತಾ ಎಂದು ಕೇಳಿ.

ಕಾರಣ ಸಿಕ್ಕಿದರೆ ಔಷಧವೇ ಬದಲಾಗುತ್ತದೆ. ಸಾಮಾನ್ಯ ಲಕ್ವಕ್ಕೆ ಆಸ್ಪಿರಿನ್ ಜಾತಿಯ ಮಾತ್ರೆ. ಹೃದಯದಿಂದ ಬಂದದ್ದಕ್ಕೆ ಅದು ಸಾಲದು, ಹೆಪ್ಪುಗಟ್ಟುವುದನ್ನೇ ತಡೆಯುವ ಮಾತ್ರೆ ಬೇಕು. ಅಪ್ಪನಿಗೆ ಏಳನೇ ದಿನ ಆಸ್ಪಿರಿನ್ ನಿಲ್ಲಿಸಿ ಅಪಿಕ್ಸಬಾನ್ 5 ಮಿಲಿಗ್ರಾಂ ದಿನಕ್ಕೆರಡು ಸಲ ಶುರು ಮಾಡಿದರು. ಕೂಡಲೇ ಶುರು ಮಾಡದ್ದು ಸತ್ತ ಭಾಗದಲ್ಲಿ ರಕ್ತ ಒಸರಬಹುದೆಂದು. ವಾತಜ್ವರದಿಂದ ಹೃದಯದ ಕವಾಟ ಕಿರಿದಾದವರಿಗೆ ಹಳೆಯ ವಾರ್ಫರಿನ್ನೇ ಬೇಕು, ಅದಕ್ಕೆ ಐಎನ್‌ಆರ್ ಎಂಬ ರಕ್ತಪರೀಕ್ಷೆ ಮಾಡಿಸುತ್ತಾ 2ರಿಂದ 3ರ ನಡುವೆ ಇಟ್ಟುಕೊಳ್ಳಬೇಕು. ಸೊಪ್ಪು ತಿನ್ನಲೇಬಾರದು ಎಂದೇನಿಲ್ಲ. ಒಂದು ವಾರ ದಿನಾ ಸೊಪ್ಪಿನ ಸಾರು, ಇನ್ನೊಂದು ವಾರ ಸೊಪ್ಪೇ ಇಲ್ಲ, ಹೀಗೆ ಆದರೆ ಲೆಕ್ಕ ತಪ್ಪುತ್ತದೆ.

ನಾಲ್ಕನೇ ದಿನದ ಎಡವಟ್ಟು ನಮ್ಮದೇ. ನುಂಗುವ ಪರೀಕ್ಷೆ ಆಗುವವರೆಗೆ ಮೂಗಿನ ಕೊಳವೆಯಲ್ಲೇ ಆಹಾರ ಎಂದಿದ್ದರು. ನೋಡಲು ಬಂದ ನೆಂಟರೊಬ್ಬರು 'ಬಾಯಿ ಒಣಗಿದೆ ಪಾಪ' ಎಂದು ಎಳನೀರು ಹಿಡಿದರು. ಎರಡು ಗುಟುಕು, ಕೆಮ್ಮು, ರಾತ್ರಿಗೆ ಜ್ವರ. ಎದೆಯ ಎಕ್ಸ್‌ರೇಯಲ್ಲಿ ನ್ಯುಮೋನಿಯಾ. ಐದು ದಿನ ಹೆಚ್ಚಿಗೆ ಉಳಿದೆವು, ಅದರ ಖರ್ಚು ಬೇರೆ. ತೆಳ್ಳನೆಯ ನೀರೇ ಎಲ್ಲಕ್ಕಿಂತ ಅಪಾಯ, ನಾಲಿಗೆ ಹಿಡಿತಕ್ಕೆ ಸಿಗುವ ಮುಂಚೆಯೇ ಜಾರುತ್ತದೆ. ಕೊಳವೆ ತೆಗೆದ ಮೇಲೆ ನಾವು ಶುರು ಮಾಡಿದ್ದು ಚಮಚದಿಂದ ಜೇನುತುಪ್ಪದ ಹಾಗೆ ಎಳೆಯಾಗಿ ಇಳಿಯುವಷ್ಟು ದಪ್ಪದ ರಾಗಿ ಗಂಜಿಯಿಂದ. ಪೂರ್ತಿ ಕೂರಿಸಿ, ಗದ್ದ ಎದೆಗೆ ಬಾಗಿಸಿ, ಅರ್ಧ ಚಮಚ, ಅದು ಇಳಿದ ಮೇಲೆ ಇನ್ನರ್ಧ. ತಿಂದ ಮೇಲೆ ಅರ್ಧ ಗಂಟೆ ಮಲಗಿಸಬಾರದು. ಸೋತ ಬದಿಯ ಕೆನ್ನೆಯೊಳಗೆ ಅಗುಳು ಉಳಿದಿರುತ್ತದೆ, ಬೆರಳಿಗೆ ಬಟ್ಟೆ ಸುತ್ತಿ ತೆಗೆಯಬೇಕು. ಮುದ್ದೆಯನ್ನು ಎಲ್ಲಕ್ಕಿಂತ ಕೊನೆಗೆ ಕೊಡಿ. ನಾವು ಅದನ್ನು ಅಗಿಯುವವರಲ್ಲ, ನುಂಗುವವರು. ಅಪ್ಪನಿಗೆ ಮುದ್ದೆ ಸಿಕ್ಕಿದ್ದು ಮೂರನೇ ತಿಂಗಳಲ್ಲಿ, ಅದೂ ಸಾರಿನಲ್ಲಿ ಕಿವುಚಿ.

ಬಿಲ್ಲಿನ ಮಾತು. ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕದಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ. ಎಪಿಎಲ್‌ನವರಿಗೆ ಪ್ಯಾಕೇಜ್ ದರದ ಶೇಕಡ 30, ವರ್ಷಕ್ಕೆ 1.5 ಲಕ್ಷ ಮೀರದಂತೆ. ಖಾಸಗಿಗೆ ಹೋಗಲು ಸರ್ಕಾರಿ ಆಸ್ಪತ್ರೆಯ ಶಿಫಾರಸು ಪತ್ರ ಬೇಕು, ತುರ್ತಾದರೆ ನೋಂದಾಯಿತ ಆಸ್ಪತ್ರೆಗೆ ನೇರ ಹೋಗಬಹುದು. ಹಾಗಾಗಿ ಸೇರಿಸಿದ ದಿನವೇ ಆಸ್ಪತ್ರೆಯಲ್ಲಿ ಈ ಯೋಜನೆಯ ಕೆಲಸ ನೋಡುವ ಆರೋಗ್ಯಮಿತ್ರರ ಮೇಜು ಹುಡುಕಿ ಪಡಿತರ ಚೀಟಿ, ಆಧಾರ್ ತೋರಿಸಿ. ಬಿಡುಗಡೆಯ ದಿನ ಹೋದರೆ ಕೆಲಸ ಕೆಡುತ್ತದೆ. ನಮ್ಮದರಲ್ಲಿ ಒಂದರ ಹೆಸರಿನಲ್ಲಿ 'ಗೌಡ' ಇತ್ತು, ಇನ್ನೊಂದರಲ್ಲಿ ಇರಲಿಲ್ಲ. ಅದೊಂದಕ್ಕೆ ಎರಡು ದಿನ ಓಡಾಟ. ಬಿಡುಗಡೆ ಪತ್ರ ಕೈಗೆ ಬಂದಾಗ ಅಲ್ಲೇ ನಿಂತು ಓದಿ: ಲಕ್ವ ಆದ ದಿನಾಂಕ, ಯಾವ ಬದಿ, ಕಾರಣ, ಮಾತ್ರೆಗಳ ಹೆಸರು. ಸ್ಕ್ಯಾನಿನ ಸಿಡಿಯನ್ನೂ ಕೇಳಿ ಪಡೆಯಿರಿ.

ಮನೆಗೆ ಬಂದ ಮೇಲೆ ಮೊದಲ ವಾರವೇ ಕುಟುಂಬದ ಹಿರಿಯರ ಸಭೆ. ನಾಟಿ ಔಷಧಿಗೆ ಕರೆದುಕೊಂಡು ಹೋಗಬೇಕು, ಪಾರಿವಾಳದ ರಕ್ತ ಹಚ್ಚಿಸಬೇಕು, ಇಂಥವರಿಗೆ ವಾರದಲ್ಲಿ ಬಾಯಿ ನೆಟ್ಟಗಾಯಿತು. ಆ ಇಂಥವರನ್ನು ವಿಚಾರಿಸಿದರೆ ಅವರಿಗೆ ಕೈಕಾಲಿಗೆ ಏನೂ ಆಗಿರಲಿಲ್ಲ. ಒಂದು ಬದಿಯ ಕಣ್ಣು ಮುಚ್ಚುತ್ತಿರಲಿಲ್ಲ, ಹಣೆ ಸುಕ್ಕುಗಟ್ಟುತ್ತಿರಲಿಲ್ಲ. ಅದು ಬೆಲ್ಸ್ ಪಾಲ್ಸಿ, ಮುಖದ ನರದ ಊತ, ಮಿದುಳಿಗೆ ಸಂಬಂಧವೇ ಇಲ್ಲ. ಬಹುಪಾಲು ಜನರಿಗೆ ವಾರ, ತಿಂಗಳುಗಳಲ್ಲಿ ತಾನಾಗಿ ಸರಿಹೋಗುತ್ತದೆ. ಮಿದುಳಿನ ಲಕ್ವದಲ್ಲಿ ಸಾಮಾನ್ಯವಾಗಿ ಹಣೆ ಸುಕ್ಕುಗಟ್ಟುತ್ತದೆ, ಕೆಳಮುಖವೇ ಸೊಟ್ಟ. ಎರಡಕ್ಕೂ ಲಕ್ವ ಎಂದೇ ಹೆಸರಾದ್ದರಿಂದ ಪಾರಿವಾಳಕ್ಕೆ ಕೀರ್ತಿ. ಜಗಳ ಆಡದೆ, 'ರಕ್ತ ತೆಳು ಮಾಡೋ ಮಾತ್ರೆ ಜೊತೆ ಬೇರೆ ಔಷಧಿ ಹೊಟ್ಟೆಗೆ ಹೋದ್ರೆ ರಕ್ತ ಸುರೀಬಹುದು ಅಂದಿದಾರೆ' ಎಂದೆವು. ಆ ಮಾತು ನಿಜವೂ ಹೌದು, ಕೆಲಸಕ್ಕೂ ಬಂತು.

ಮನೆಯ ಕೆಲಸದಲ್ಲಿ ಯಾರೂ ಮೊದಲೇ ಹೇಳದ, ನಾವು ಬಿದ್ದು ಕಲಿತ ಕೆಲವು. ಸೋತ ಕೈಯನ್ನು ಹಿಡಿದು ಎಳೆದು ಎಬ್ಬಿಸಬೇಡಿ. ಸ್ನಾಯು ಸಡಿಲಾದ ಭುಜ ಕೀಲಿನಿಂದ ಇಳಿದಿರುತ್ತದೆ, ಎಳೆದರೆ ತಿಂಗಳುಗಟ್ಟಲೆ ನೋವು. ಸೊಂಟಕ್ಕೆ ಅಗಲ ಪಟ್ಟಿ ಕಟ್ಟಿ ಅದನ್ನು ಹಿಡಿದು ಎಬ್ಬಿಸಬೇಕು. ಅಂಗಿ ಹಾಕುವಾಗ ಸೋತ ಕೈ ಮೊದಲು, ತೆಗೆಯುವಾಗ ಒಳ್ಳೆಯ ಕೈ ಮೊದಲು. ಮೆಟ್ಟಿಲು ಹತ್ತುವಾಗ ಒಳ್ಳೆಯ ಕಾಲು ಮುಂದೆ, ಇಳಿಯುವಾಗ ಸೋತದ್ದು ಮುಂದೆ. ಮಲಗಿಯೇ ಇರುವವರನ್ನು ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕು, ರಾತ್ರಿ ಕೂಡ. ಗಾಳಿ ಹಾಸಿಗೆ ತಂದೆವು, ₹3,200. ಅದು ಬಂದಿತೆಂದು ತಿರುಗಿಸುವುದು ತಪ್ಪುವುದಿಲ್ಲ. ಬಚ್ಚಲ ಹಂಡೆಯ ಬಗ್ಗೆ ಎಚ್ಚರ. ಬಲಗೈಗೆ ಸುಡುವುದು ಗೊತ್ತಾಗುವುದಿಲ್ಲ, ಅಪ್ಪ ತಂಬಿಗೆ ಅದ್ದಲು ಹೋಗಿ ಬೊಬ್ಬೆ ಎದ್ದ ಮೇಲೇ ನಮಗೆ ತಿಳಿದದ್ದು. ಬಿಸಿ ಎಣ್ಣೆ, ಮರಳಿನ ಶಾಖ, ರಬ್ಬರ್ ಚೀಲ ಎಲ್ಲಕ್ಕೂ ಇದೇ ಮಾತು. ನೀರಿನ ಬಿಸಿಯನ್ನು ಎಡಗೈಯಿಂದ, ಇಲ್ಲ ಬೇರೆಯವರ ಮೊಣಕೈಯಿಂದ ನೋಡಬೇಕು. ಹಿಡಿಕೆಯನ್ನು ಕಕ್ಕಸಿನಲ್ಲಿ ಒಳ್ಳೆಯ ಕೈ ಕಡೆಗೆ ಹಾಕಿಸಿ. ನಮ್ಮ ಬಡಗಿ ಮೊದಲು ಬಲಕ್ಕೇ ಹೊಡೆದುಹೋಗಿದ್ದ.

ಫಿಸಿಯೋಥೆರಪಿಯವರು ವಾರಕ್ಕೆ ಮೂರು ದಿನ ಮನೆಗೆ ಬಂದರು, ಒಂದು ಭೇಟಿಗೆ ₹500. ಅವರು ಬಾರದ ದಿನ ಅದೇ ವ್ಯಾಯಾಮ ನಾವು ಮಾಡಿಸಬೇಕು, ಆ ವ್ಯತ್ಯಾಸ ಹದಿನೈದು ದಿನದಲ್ಲೇ ಕಾಣುತ್ತದೆ. ಚೇತರಿಕೆಯ ದೊಡ್ಡ ಪಾಲು ಮೊದಲ ಮೂರು ತಿಂಗಳಲ್ಲಿ ಆಗುತ್ತದೆ, ಆಮೇಲೂ ಆಗುತ್ತದೆ ಆದರೆ ನಿಧಾನ. ಕಾಲು ಮೊದಲು, ಭುಜ ಆಮೇಲೆ, ಬೆರಳು ಕೊನೆಗೆ. ಪಾದ ಕೆಳಕ್ಕೆ ಜೋತು ಹೊಸ್ತಿಲು ಎಡವುತ್ತಿದ್ದುದಕ್ಕೆ ಹಿಮ್ಮಡಿಯಿಂದ ಮೀನಖಂಡದವರೆಗಿನ ಪಟ್ಟಿ ಅಚ್ಚು ತೆಗೆಸಿ ಮಾಡಿಸಿದೆವು, ₹1,800.

ಮಾತು ಎಲ್ಲಕ್ಕಿಂತ ಕಷ್ಟ. ಎಡಮಿದುಳಿನಲ್ಲಿ ಮಾತಿನ ಜಾಗಕ್ಕೆ ಪೆಟ್ಟಾದರೆ ಬುದ್ಧಿ ಇರುತ್ತದೆ, ಪದ ಸಿಗುವುದಿಲ್ಲ. ಗಟ್ಟಿಯಾಗಿ ಕೂಗಿ ಹೇಳುವುದು ವ್ಯರ್ಥ, ಅವರು ಕಿವುಡರಲ್ಲ. 'ಕಾಫಿ ಬೇಕಾ, ಟೀ ಬೇಕಾ, ಆಮೇಲೆ ಕೊಡ್ಲಾ' ಎಂದು ಮೂರು ಪ್ರಶ್ನೆ ಒಟ್ಟಿಗೆ ಕೇಳಬೇಡಿ; ಒಂದು ಪ್ರಶ್ನೆ, ಹೌದು ಅಥವಾ ಇಲ್ಲ, ಹತ್ತು ಎಣಿಸುವಷ್ಟು ಕಾಯಿರಿ. ಅಪ್ಪ 'ಹೂಂ' ಎಂದು ತಲೆ ಅಡ್ಡಡ್ಡ ಆಡಿಸುತ್ತಿದ್ದರು, ತಲೆಯನ್ನೇ ನಂಬಬೇಕಿತ್ತು. ನೀರು ಎನ್ನಲಾಗದವರು ಒಂದರಿಂದ ಹತ್ತು ಸರಾಗವಾಗಿ ಎಣಿಸುತ್ತಿದ್ದರು, ಭಜನೆಯ ಸಾಲು ಹಾಡುತ್ತಿದ್ದರು, ನಾಯಿಗೆ ಬೈಗುಳವೂ ನೆಟ್ಟಗೆ ಬರುತ್ತಿತ್ತು. ಬಾಯಿಪಾಠವಾದದ್ದಕ್ಕೆ ಬೇರೆ ದಾರಿ. ಆ ಎಣಿಕೆಯಿಂದಲೇ ಸ್ಪೀಚ್ ತೆರಪಿಸ್ಟ್ ಮಾತು ಹಿಡಿದು ಎಳೆದರು. ಎರಡನೇ ತಿಂಗಳಲ್ಲಿ ಊಟ ಬಿಟ್ಟರು, ಯಾರು ಬಂದರೂ ಅಳು. ಸೊರಗಿದ್ದಾರೆ ಎಂದುಕೊಂಡೆವು. ಲಕ್ವದವರಲ್ಲಿ ಸುಮಾರು ಮೂರರಲ್ಲಿ ಒಬ್ಬರಿಗೆ ಖಿನ್ನತೆ ಬರುತ್ತದೆ, ಅದಕ್ಕೆ ಮಾತ್ರೆ ಇದೆ. ಮಾತ್ರೆ ಶುರುವಾಗಿ ಒಂದು ತಿಂಗಳಿಗೆ ವ್ಯಾಯಾಮಕ್ಕೆ ತಾವೇ ಕಾಲು ಚಾಚತೊಡಗಿದರು. ಮೊದಲೇ ಕೇಳಿದ್ದರೆ ಆರು ವಾರ ಉಳಿಯುತ್ತಿತ್ತು.

ಬ್ಯಾಂಕಿನದು ಸಣ್ಣ ವಿಷಯ, ಆದರೆ ಎಲ್ಲರೂ ಸಿಕ್ಕಿಕೊಳ್ಳುವ ವಿಷಯ. ಬಲಗೈ ಸಹಿ ಹೋಯಿತು, ಕಾಫಿ ಮಾರಿದ ದುಡ್ಡು ಅಪ್ಪನ ಖಾತೆಯಲ್ಲಿ. ಸಹಿ ಮಾಡಲಾಗದ ರೋಗಿಯ ಹೆಬ್ಬೆಟ್ಟಿನ ಗುರುತಿಗೆ ಇಬ್ಬರು ಸಾಕ್ಷಿ ಬೇಕು, ಅವರಲ್ಲೊಬ್ಬರು ಬ್ಯಾಂಕಿನ ಅಧಿಕಾರಿಯೇ ಆಗಿರಬೇಕು ಎಂಬುದು ರಿಸರ್ವ್ ಬ್ಯಾಂಕಿನ ನಿಯಮ. ಅದನ್ನು ವಿನಯವಾಗಿ ಜ್ಞಾಪಿಸಿದ ಮೇಲೆ ಅಧಿಕಾರಿ ಮನೆಗೇ ಬಂದು ಎಡಗೈ ಹೆಬ್ಬೆಟ್ಟು ತೆಗೆದುಕೊಂಡರು.

ಅಂಗವೈಕಲ್ಯ ಪ್ರಮಾಣಪತ್ರ ಮತ್ತು ಅಂಗವಿಕಲರ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡಿಗೆ ಸ್ವಾವಲಂಬನ್ ಜಾಲತಾಣದಲ್ಲಿ ಅರ್ಜಿ. ಆತುರಪಟ್ಟು ಎರಡನೇ ತಿಂಗಳಲ್ಲಿ ಹಾಕಿದ್ದೆವು, ಲಕ್ವವಾಗಿ ಆರು ತಿಂಗಳು ಕಳೆದ ಮೇಲೆ ಬನ್ನಿ ಎಂದರು. ಆ ಹೊತ್ತಿಗೆ ಉಳಿದ ಊನವನ್ನೇ ಅಳೆಯುವುದು. ಜುಲೈ ಮಳೆಯಲ್ಲಿ ಜಿಲ್ಲಾಸ್ಪತ್ರೆಗೆ ಹೋದಾಗ ಬಿಡುಗಡೆ ಪತ್ರ, ಸ್ಕ್ಯಾನ್ ವರದಿ, ಆಧಾರ್, ಎರಡು ಫೋಟೊ, ಅರ್ಜಿಯ ಪ್ರತಿ, ಎಲ್ಲದರ ಜೆರಾಕ್ಸ್ ಪ್ಲಾಸ್ಟಿಕ್ ಕವರಿನಲ್ಲಿತ್ತು. ಕಾಲಿನ ಪಟ್ಟಿಯನ್ನು ಬಿಚ್ಚಿಸಿ ನಡೆಸುತ್ತಾರೆ, ಸುಲಭವಾಗಿ ಬಿಚ್ಚುವ ಪ್ಯಾಂಟೋ ಪಂಚೆಯೋ ಹಾಕಿಸಿ. ಊನ ಶೇಕಡ 40ಕ್ಕಿಂತ ಕಡಿಮೆ ಬಂದರೆ ಹೆಚ್ಚಿನ ಸೌಲಭ್ಯ ಸಿಗುವುದಿಲ್ಲ. ಮಾಸಾಶನದ ಅರ್ಜಿ ಬೇರೆ, ಅದು ನಾಡಕಚೇರಿಯಲ್ಲಿ.

ಈಗ ಅಪ್ಪ ಕೋಲು ಹಿಡಿದು ಕಣದವರೆಗೆ ನಡೆಯುತ್ತಾರೆ. ಬೆರಳು ಇನ್ನೂ ಬಿಚ್ಚಿಲ್ಲ. ಬಿಪಿ 130/80ರ ಕೆಳಗಿರಬೇಕು ಎಂದು ಉಪ್ಪಿನಕಾಯಿ, ಒಣಮೀನು, ಮಜ್ಜಿಗೆ ಮೆಣಸು ಅಟ್ಟ ಸೇರಿವೆ; ದಿನಕ್ಕೆ ಒಬ್ಬರಿಗೆ ಎಲ್ಲ ಸೇರಿ ಒಂದು ಟೀ ಚಮಚ ಉಪ್ಪು. ಅಪಿಕ್ಸಬಾನ್‌ನ ಪ್ರಭಾವ ಅರ್ಧ ದಿನದಲ್ಲೇ ಇಳಿಯುತ್ತದೆ, ಒಂದು ಹೊತ್ತು ತಪ್ಪಿದರೂ ರಕ್ಷಣೆ ಕುಗ್ಗುತ್ತದೆ. ಹಾಗಾಗಿ ಅಮ್ಮ ಅದೇ ಹಾಜರಿ ಪುಸ್ತಕದಲ್ಲಿ ಮಾತ್ರೆಗಳಿಗೂ ಒಂದು ಹಾಳೆ ಹಾಕಿದ್ದಾರೆ. ಹೆಸರಿನ ಖಾನೆಯಲ್ಲಿ ಮಾತ್ರೆ, ಮುಂದೆ ಬೆಳಿಗ್ಗೆ, ಸಂಜೆ ಎಂದು ಎರಡು ಗೀಟು. ಇಲ್ಲಿಯವರೆಗೆ ಗೈರುಹಾಜರಿ ಎರಡು. ಎರಡೂ ಸಂಜೆಯವು, ಎರಡೂ ಮದುವೆ ಮನೆಗೆ ಹೋದ ದಿನದವು.